ಕೊಂಡಿ ಹಾಕುವ ಬೆರಳು

ಇದನ್ನು ಬರೆಯುವ ಯೋಗ್ಯತೆ ನನಗಿದೆಯೇ ಎಂಬ ಅಳುಕು ಬಿಟ್ಟಿಲ್ಲ. ಎಲ್ಲಾದರೂ ತಪ್ಪಿದ್ದರೆ ಓದುವವರು ಮನ್ನಿಸಬೇಕು.

ಚೇತನಕುಮಾರ ಚಪ್ಪಲಿ ಬಿಡದೆಯೇ ಮಗ್ಗದ ಕೋಣೆಗೆ ನುಗ್ಗಿ ಮೊಬೈಲನ್ನು ತಂಗಿಯ ಮುಖಕ್ಕೆ ಹಿಡಿದ.

"ಇದ್ಯಾರ ಮಾರಿ?"

ಶಿವಗಂಗಾ ಸೀರೆಯ ಮೈಗೂ ಸೆರಗಿಗೂ ಎಳೆ ಎಳೆಯಾಗಿ ಕೊಂಡಿ ಹಾಕಿ ಜೋಡಿಸುತ್ತಿದ್ದಳು. ಅವಳ ಕೈಯನ್ನೇ ನೋಡುತ್ತ ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ಓಡುತ್ತಿತ್ತು. ಮಗ್ಗಕ್ಕೆ ಬಿಗಿದ ಬಿಳಿ ಎಳೆಗಳ ಹಾಸಿನ ಮೇಲೆ ಪ್ರೊಜೆಕ್ಟರಿನಿಂದ ತನ್ನದೇ ಮುಖದ ವಿಡಿಯೊ ಬಿಟ್ಟು, ಅದರ ಮುಂದೆ ಕೂತು ನೇಯುವುದು ಅವಳ ಕಲೆ. ಇಳಕಲ್ಲಿನ ಮಂದಿಗೆ ಅದು ಅರ್ಥವಾಗಿರಲಿಲ್ಲ. ಯಾರೋ ಒಬ್ಬನಿಗೆ ಮಾತ್ರ ಉಪಯೋಗಕ್ಕೆ ಬಂದಿತ್ತು. ಅವನು ಆ ಮುಖವನ್ನು ಕಿತ್ತು ಬೇರೊಬ್ಬಳ ಬೆತ್ತಲೆ ಮೈಗೆ ಅಂಟಿಸಿ ಊರಿಗೆಲ್ಲ ಹಂಚಿದ್ದ.

"ಮಾರಿ ನಂದ. ಮೈ ನಂದಲ್ಲ. ಕಂಪ್ಯೂಟರ್‌ನ್ಯಾಗ ಮಾಡ್ಯಾರ. ಬೆರಳ ನೋಡಣ್ಣ." ಅವಳು ಬಲಗೈ ಚಾಚಿದಳು.

"ಚಾದಂಗಡ್ಯಾಗ ಎಲ್ಲಾರೂ ನೋಡಿ ನಕ್ಕಾರ. ನಾ ಏನ್ ಬೆರಳ ನೋಡ್ಲಿ?"

ಹಾಸು ಸುತ್ತುವ ಕಟ್ಟಿಗೆ ಗೋಡೆಗೆ ಒರಗಿತ್ತು; ಚೇತನಕುಮಾರ ಅದನ್ನು ಎತ್ತಿಕೊಂಡ. ಮೊದಲ ಏಟಿಗೆ ಅವಳ ಕೈ ಮಗ್ಗದ ಅಂಚಿಗೆ ಅಪ್ಪಳಿಸಿತು. ಎರಡನೆಯದಕ್ಕೆ ಮೂಳೆ ಮುರಿದ ಸದ್ದು ಕೇಳಿತು. ಅದು ಕೇಳಿಯೂ ಅವನು ಮೂರನೆಯದು ಹೊಡೆದ. ಬಿಳಿ ಎಳೆಗಳ ಗುಂಟ ರಕ್ತ ಇಳಿಯಿತು.

ತಾಯಿ ಬಸಲಿಂಗವ್ವ ಓಡಿಬಂದು ಮಗನನ್ನು ನೂಕಿ, ಬಿದ್ದಿದ್ದ ಮೊಬೈಲು ಎತ್ತಿದಳು. ನೋಡಬಾರದ್ದನ್ನು ನೋಡಿ, ನಿಲ್ಲಿಸಿ, ಎರಡು ಬೆರಳಿನಿಂದ ಹಿಗ್ಗಿಸಿದಳು.

"ಮೂವತ್ತ ವರ್ಷ ಕೊಂಡಿ ಹಾಕೇನಿ. ಎಳಿ ತಿಕ್ಕಿ ತಿಕ್ಕಿ ಹೆಬ್ಬಟ್ಟಿಗೆ ಗೆರಿ ಬೀಳತೈತಿ. ಇಕಿ ಹೆಬ್ಬಟ್ಟ ಬೆಣ್ಣಿಯಂಗ ಐತಿ, ನೋಡಲೇ. ಈಗ ನಿನ್ನ ತಂಗೀದ ನೋಡು."

ಅವನು ನೋಡಿದ. ಅಲ್ಲಿ ಗೆರೆ ಕಾಣುವಷ್ಟು ಚರ್ಮ ಉಳಿದಿರಲಿಲ್ಲ.

ತಿಂಗಳ ಮೇಲೆ ಬಾಗಲಕೋಟೆಯ ಸಭಾಂಗಣದಲ್ಲಿ ಅವಳ ಪ್ರದರ್ಶನವಿತ್ತು. ಕೈಗೆ ಪ್ಲಾಸ್ಟರ್ ಇದ್ದರೂ ಅವಳು ಅದನ್ನು ಬಿಡಲಿಲ್ಲ. ವೇದಿಕೆಗೆ ತಂದ ಮಗ್ಗದ ಹಾಸಿನ ಮೇಲೆ, ಅಣ್ಣ ಹೊಡೆದ ದಿನ ಕ್ಯಾಮೆರಾ ಹಿಡಿದದ್ದು ಮೂಡಿತು. ಹೊಡೆದವನ ಮುಖ ಅದರಲ್ಲಿರಲಿಲ್ಲ. ಚಾಚಿದ ಕೈ, ಕಟ್ಟಿಗೆ, ಸದ್ದು. ಮತ್ತೆ ಕೈ, ಕಟ್ಟಿಗೆ, ಸದ್ದು.

"ಖರೇನ ಹೊಡದಂಗ ಐತಲ್ಲೋ," ಎಂದ ಮುಂದಿನ ಸಾಲಿನವನೊಬ್ಬ.

"ಏ, ಅದೆಲ್ಲಾ ಎಡಿಟಿಂಗ್ ಲೇ," ಎಂದ ಪಕ್ಕದವನು. ಚಪ್ಪಾಳೆ ಬಿತ್ತು.

ಚಪ್ಪಾಳೆ ನಿಂತ ಮೇಲೆ ಶಿವಗಂಗಾ ಮೈಕು ಹಿಡಿದಳು. "ಅಣ್ಣಾ, ಬಾ. ಕೊಂಡಿ ಹಾಕೂದು ಒಬ್ಬರ ಕೈಲೆ ಆಗೂದಿಲ್ಲ. ಎದುರಿಗೆ ಒಬ್ಬರು ಕೂಡಬೇಕು."

ಕೊನೆಯ ಸಾಲಿನಲ್ಲಿ ಮಗನ ಪಕ್ಕ ಕೂತಿದ್ದ ಬಸಲಿಂಗವ್ವ ಅವನ ಕಡೆ ತಿರುಗಲಿಲ್ಲ; ಅವನು ದಾಟಿ ಹೋಗಲೆಂದು ಮೊಣಕಾಲು ಸರಿಸಿಕೊಂಡಳು. ಚೇತನಕುಮಾರ ಹೋಗಿ ಮಗ್ಗದ ಆಚೆ ಕೂತ. ವಿಡಿಯೊ ಮತ್ತೆ ಓಡಿತು; ಈಗ ಅದರೊಳಗಿನ ಕಟ್ಟಿಗೆ ಎಳೆಗಳ ಸಂದಿಯಿಂದ ಹಾದು ಅವನ ಮುಖದ ಮೇಲೆಯೇ ಬೀಳುತ್ತಿತ್ತು. ಸದ್ದು ಬಂದಾಗಲೆಲ್ಲ ಎಳೆ ಅವನ ಬೆರಳಿನಿಂದ ಜಾರುತ್ತಿತ್ತು. ಶಿವಗಂಗಾ ಎಡಗೈಯಿಂದ ಅದೇ ಎಳೆಯನ್ನು ಮತ್ತೆ ಚಾಚುತ್ತಿದ್ದಳು.

ಆ ಹೊಲಸು ವಿಡಿಯೊ ಮಾಡಿದವನು ಯಾರೆಂದು ಇಂದಿಗೂ ತಿಳಿದಿಲ್ಲ. ಚೇತನಕುಮಾರ ಎದ್ದು ಹೋಗಿ ಮಗ್ಗದ ಆಚೆ ಕೂತದ್ದು ತಾನು ಮಾಡಿದ್ದಕ್ಕೆ ನೊಂದೋ, ಅಷ್ಟು ಮಂದಿ ತಿರುಗಿ ನೋಡಿದರೆಂದೋ, ಅದೂ ನನಗೆ ಗೊತ್ತಿಲ್ಲ.