ಬೆಟ್ಟಿಯ ಸ್ವರ

ಚರ್ಚಿನಲ್ಲಿ ಶುಕ್ರವಾರದ ಪೂಜೆ ಮುಗಿಸಿ ಬಂದ ಬೆಟ್ಟಿ ಅಡುಗೆಕೋಣೆಯಲ್ಲಿ ಮೀನು ಕೊಯ್ಯುತ್ತಿದ್ದಳು. ಕೊಲ್ಲಿ ದೇಶದ ಇಂಟರ್‌ನ್ಯಾಷನಲ್ ಸಿಟಿ ಬಡಾವಣೆಯ ಆ ಪುಟ್ಟ ಮನೆಯ ಇನ್ನೊಂದು ಮೂಲೆಯಲ್ಲಿ ಗಂಡ ನಾರ್ಬರ್ಟ್ ಕಂಪ್ಯೂಟರಿಗೆ ಅಂಟಿಕೊಂಡಿದ್ದ. ವಾರವಿಡೀ ಸೋಪು, ಶಾಂಪೂಗಳ ಜಾಹೀರಾತು ಎಡಿಟ್ ಮಾಡುವವನಿಗೆ ಇದು ಸ್ವಂತ ಕೆಲಸ. ಕೆಲಸದ ಆಸೆ ತೋರಿಸಿ ಇಲ್ಲಿಗೆ ಕರೆತಂದು ವೇಶ್ಯಾವಾಟಿಕೆಗೆ ತಳ್ಳಿದ ಊರಿನ ಹೆಂಗಸರ ಕುರಿತ ಸಾಕ್ಷ್ಯಚಿತ್ರ. ಮುಂದಿನ ಶುಕ್ರವಾರ ಕೊಂಕಣಿ ಸಂಘದಲ್ಲಿ ಅದರ ಪ್ರದರ್ಶನ.

ತೆರೆಯ ಮೇಲೆ ಒಬ್ಬ ಹೆಂಗಸು ಮಾತಾಡುತ್ತಿದ್ದಳು. ಪಾಸ್‌ಪೋರ್ಟ್ ಕಸಿದುಕೊಂಡು ಹನ್ನೊಂದು ತಿಂಗಳು ಫ್ಲಾಟಿನಲ್ಲಿ ಕೂಡಿಹಾಕಿದ್ದರಂತೆ. "ಬಂದವರಲ್ಲಿ ನಮ್ಮೂರಿನವರೂ ಇದ್ದರು," ಎನ್ನುವಾಗ ಸ್ವರ ನಡುಗಿತು. ಅವಳ ಮುಖವನ್ನು ನಾರ್ಬರ್ಟ್ ಪೂರ್ತಿ ಮಸುಕು ಮಾಡಿದ್ದ. ಮುಖ ಮುಚ್ಚಿದರೆ ಮಾನ ಉಳಿಯಿತೆಂದು ನಂಬಿದ್ದ, ಪಾಪ.

ಬೆಟ್ಟಿ ಒಳಗಿನಿಂದಲೇ ಕೇಳಿದಳು, "ಅದು ಇಲ್ಲಿ ಬನಿಯಾಸ್ ಚೌಕದ ಹತ್ರ ಇರುವ ಅಗಾತಾಬಾಯಿ ಅಲ್ವಾ?"

ನಾರ್ಬರ್ಟ್ ವೀಡಿಯೋ ನಿಲ್ಲಿಸಿದ. "ನೀನು ನೋಡ್ಲೇ ಇಲ್ವಲ್ಲ! ಹೇಗೆ ಗೊತ್ತಾಯ್ತು?"

"ನೋಡುದೆಂತಕ್ಕೆ ಮಾರಾಯ್ರೇ? ಕೊಂಕಣಿಯ ಆ ಎಳೆತ ಕೇಳಿದ್ರೆ ಇಗರ್ಜಿ ಯಾವುದು, ಮನೆ ಯಾವುದು ಅಂತ ಗೊತ್ತಾಗ್ತದೆ. ಸಂಘದಲ್ಲಿ ಅರ್ಧ ಜನ ಅವರ ಊರಿನವರೇ. ಜನವರಿಯಲ್ಲಿ ಅಗಾತಾಬಾಯಿಯ ಮಗಳ ಮದುವೆ ಉಂಟು. ಅದು ಮುರಿದುಬಿದ್ರೆ?"

"ಅವರೇ ಒಪ್ಪಿ ಮಾತಾಡಿದ್ದು. ಇನ್ನೊಬ್ಳು ಮೋಸ ಹೋಗ್ಬಾರ್ದು ಅಂತ. ಕಂಪ್ಯೂಟರಿನಲ್ಲಿ ಸ್ವರ ತಿರುಚಿದ್ರೆ ಮೆಷಿನಿನ ಹಾಗೆ ಕೇಳ್ತದೆ, ಯಾರ ಮನಸ್ಸಿಗೂ ತಟ್ಟುದಿಲ್ಲ."

"ಗುರುತು ಸಿಗುದಿಲ್ಲ ಅಂತ ನೀವು ಮಾತು ಕೊಟ್ಟದ್ದಕ್ಕೆ ಒಪ್ಪಿದ್ದು."

ಅದು ನಿಜವಾಗಿತ್ತು. ನಾರ್ಬರ್ಟ್ ನಾಚಿಕೆಯಿಂದ ತಲೆ ತಗ್ಗಿಸಿದ.

ಬೆಟ್ಟಿ ಕೈ ಒರೆಸಿಕೊಂಡು ಮೈಕಿನ ಮುಂದೆ ಕುಳಿತಳು. "ಅವರಿಗೆ ಫೋನ್ ಮಾಡಿ ಕೇಳಿ. ಒಪ್ಪಿದ್ರೆ ಅವರ ಮಾತು ನಾನು ಹೇಳ್ತೇನೆ."

"ಹುಚ್ಚಾ ನಿನಗೆ? ಇಗರ್ಜಿಯಲ್ಲಿ ಹಾಡುವವಳು ನೀನು. ಜನ ನಿನ್ನದೇ ಕತೆ ಅಂದ್ಕೊಂಡ್ರೆ?"

"ಅವರ ವಿಷಯದಲ್ಲಿ ಈ ಹೆದರಿಕೆ ನಿಮಗೆ ಬರ್ಲಿಲ್ಲ ಅಲ್ವಾ?"

ಅವನು ಫೋನ್ ಮಾಡಿದ. ಅಗಾತಾ ಬಹಳ ಹೊತ್ತು ಅತ್ತು, ಆಗಲಿ ಎಂದಳು.

ಪ್ರದರ್ಶನ ಮುಗಿದಾಗ ಸಭೆಯಲ್ಲಿ ಚಪ್ಪಾಳೆಗಿಂತ ಪಿಸುಮಾತೇ ಹೆಚ್ಚಿತ್ತು. ಸಂಘದ ಹಿರಿಯರಾದ ಪಾಯ್ಸ್ ನಾರ್ಬರ್ಟನನ್ನು ಬದಿಗೆ ಕರೆದರು. "ಬೇಜಾರು ಮಾಡ್ಬೇಡ. ಅದು... ಬೆಟ್ಟಿಯ ಸ್ವರ ಅಲ್ವಾ?"

ಸ್ವರ ಮಾತ್ರ ಅವಳದು ಎಂಬ ಮಾತು ನಾಲಿಗೆಯ ತುದಿಗೆ ಬಂತು. ಹಾಗೆಂದರೆ ಮುಂದಿನ ಪ್ರಶ್ನೆ, ಮತ್ತೆ ಕತೆ ಯಾರದು?

"ಹೌದು, ಅವಳದೇ," ಎಂದ ನಾರ್ಬರ್ಟ್. ಆಮೇಲೆ, ಎಲ್ಲರೂ ನೋಡುತ್ತಿದ್ದಂತೆ ಹೋಗಿ ಬೆಟ್ಟಿಯ ಪಕ್ಕದಲ್ಲಿ ಕುಳಿತ.