ಸ್ವಿಚ್ ಬೋರ್ಡಿನ ರಾಣಿ

ನಾನು ಒಂದು ಇರುವೆ. ಹುಟ್ಟಿನಿಂದ ರಾಣಿ, ಆದರೆ ಸಿಂಹಾಸನ, ಕಿರೀಟ ಎಂದೆಲ್ಲ ಕಲ್ಪಿಸಿಕೊಳ್ಳಬೇಡಿ. ನಮ್ಮ ಗೂಡಿನಲ್ಲಿ ನನ್ನಂಥ ರಾಣಿಯರು ನೂರಾರು. ನಾನು ಹುಟ್ಟಿದ್ದು ಬಂದರಿನ ಊರಿನ ಒಂದು ಹೆರಿಗೆ ಆಸ್ಪತ್ರೆಯಲ್ಲಿ, ಸ್ವಿಚ್ ಬೋರ್ಡಿನ ಹಿಂದೆ. ವಯರಿನ ಬಿಸಿ, ಗೋಡೆಯ ತೇವ ಇದ್ದರೆ ನಮಗೆ ಅದೇ ಅರಮನೆ. ನಮ್ಮ ಹಿರಿಯರು ಈ ಊರಿನವರಲ್ಲ. ಯಾವುದೋ ಹಡಗಿನ ಮರದ ಪೆಟ್ಟಿಗೆಗಳ ಸಂದಿಯಲ್ಲಿ ಕೂತು ಬಂದವರು. ಎಲ್ಲಿಂದ ಎಂದು ಕೇಳಿದರೆ ನನಗೂ ಗೊತ್ತಿಲ್ಲ.

ಅಂಗಳದ ಇರುವೆಗಳು ಮಳೆ ಬಿದ್ದಾಗ ಹಾರಿ ಮದುವೆಯಾಗುತ್ತವಂತೆ, ಅರ್ಧಕ್ಕರ್ಧ ದೀಪಕ್ಕೆ ಬಿದ್ದು ಸಾಯುತ್ತವಂತೆ. ನಮಗೆ ಆ ಹುಚ್ಚಿಲ್ಲ. ನನಗೂ ರೆಕ್ಕೆಗಳಿದ್ದವು, ಒಮ್ಮೆಯೂ ಹಾರಲಿಲ್ಲ. ಗೂಡಿನೊಳಗೇ ಮದುವೆ, ಅಲ್ಲೇ ಬಾಣಂತನ. ರೆಕ್ಕೆ ಉದುರಿತು, ಮೊಟ್ಟೆ ಇಡುವುದು ಶುರುವಾಯಿತು.

ನನ್ನ ಹೆಣ್ಣುಮಕ್ಕಳು ಎಳ್ಳಿಗಿಂತ ಸಣ್ಣವರು, ತಿಳಿ ಹಳದಿ ಬಣ್ಣದವರು. ಬಿಳಿ ಹಾಸಿಗೆಯ ಮೇಲೆ ನಡೆದರೆ ಯಾರ ಕಣ್ಣಿಗೂ ಬೀಳುವುದಿಲ್ಲ. ಹೊರಗೆ ಸಿಕ್ಕಿದ್ದನ್ನು ನುಂಗಿ ತಂದು ಬಾಯಿಂದ ಬಾಯಿಗೆ ದಾಟಿಸುತ್ತಾರೆ. ಹಾಗಾಗಿ ನಾನು ಲೋಕವನ್ನು ಕಂಡದ್ದು ನಾಲಗೆಯಲ್ಲಿ. ಗ್ಲೂಕೋಸು, ಚೆಲ್ಲಿದ ಚಹಾ, ಬಾಣಂತಿಯರ ಲೇಹ್ಯ, ಗಾಯದ ಬಟ್ಟೆ ಎಸೆಯುವ ಬಕೆಟ್ಟು, ಎಲ್ಲದರ ರುಚಿಯೂ ನನಗೆ ಗೊತ್ತು.

ಒಂದು ದಿನ ಬೋರ್ಡಿನ ಸಂದಿಗೆ ಔಷಧಿ ಹೊಡೆದರು. ಸತ್ತವರು ಸತ್ತರು. ಉಳಿದವರು ಮೊಟ್ಟೆಗಳನ್ನು ಕಚ್ಚಿಕೊಂಡು, ಸಿಕ್ಕ ಸಿಕ್ಕ ರಾಣಿಯನ್ನು ಕರೆದುಕೊಂಡು ದಿಕ್ಕಾಪಾಲಾದರು. ಒಂದು ಗೂಡಿದ್ದದ್ದು ಏಳೆಂಟಾಯಿತು. ನಮ್ಮನ್ನು ಬೆಳೆಸಲು ಮನುಷ್ಯರಿಗೆ ಇದಕ್ಕಿಂತ ಒಳ್ಳೆಯ ಉಪಾಯ ಹೊಳೆಯುತ್ತಿರಲಿಲ್ಲ. ನಾನು ಒಂದಿಷ್ಟು ಮಕ್ಕಳೊಂದಿಗೆ ಮೂಲೆಯ ಕೋಣೆಯ ಕಪಾಟಿನ ಹಿಂದೆ ಬಿದ್ದೆ.

ಆ ಕೋಣೆಯಲ್ಲಿ ಶ್ರೀಲತಾ ಎಂಬ ಬಾಣಂತಿ ಇದ್ದಳು. ಚೊಚ್ಚಲ ಗಂಡು ಮಗು, ತೂಕ ಕಡಿಮೆ. ಜೊತೆಗೆ ಅವಳ ತಾಯಿ ಲೀಲಕ್ಕ. ಸಿಸ್ಟರ್ ಜೆಸಿಂತಾ ಮಂಚದ ಕಾಲುಗಳಿಗೆ ನೀರಿನ ಬಟ್ಟಲು ಇಟ್ಟು ಹೇಳಿದಳು:

"ಸ್ಪ್ರೇ ಹೊಡೆದ ಮೇಲೆ ಇರುವೆ ಜಾಸ್ತಿಯೇ ಆಗಿದೆ. ಸಿಹಿ ಎಂತದೂ ಇಡ್ಬೇಡಿ. ಮಗುವಿಗೆ ತಾಯಿಹಾಲು ಬಿಟ್ಟು ಬೇರೆ ಕೊಡ್ಲಿಕ್ಕಿಲ್ಲ."

"ಇಲ್ಲಪ್ಪ, ನಾವೆಂತ ಕೊಡುದು," ಎಂದರು ಲೀಲಕ್ಕ.

ಮಗಳಿಗೆ ನಿದ್ದೆ ಹತ್ತಿದ ಮೇಲೆ ಅವರು ಚೀಲದಿಂದ ಜೇನಿನ ಸಣ್ಣ ಬಾಟಲಿ ತೆಗೆದರು. ಬೆರಳಿನ ಚಿನ್ನದ ಉಂಗುರವನ್ನು ಅದ್ದಿ ಮಗುವಿನ ತುಟಿಗೆ ಮುಟ್ಟಿಸಿದರು. ಅವರ ಮನೆತನದಲ್ಲಿ ಹುಟ್ಟಿದ ಎಲ್ಲ ಮಕ್ಕಳಿಗೂ ಹಾಗೆ ಮುಟ್ಟಿಸಿದ್ದರು. ಒಂದು ಬೊಟ್ಟು ಗಲ್ಲದಿಂದ ಜಾರಿ ಸುತ್ತಿದ್ದ ಬಟ್ಟೆಗೆ ಬಿತ್ತು. ಮಂಚದ ಹೊದಿಕೆಯ ತುದಿ ಗೋಡೆಗೆ ತಾಗಿತ್ತು, ನಮಗೆ ಅಷ್ಟು ಸಾಕಾಯಿತು. ಬಟ್ಟಲ ನೀರು ಬಟ್ಟಲಲ್ಲೇ ಉಳಿಯಿತು.

ಅಂದು ನನ್ನ ಬಾಯಿಗೆ ಜೇನು ಬಂತು. ಮರುದಿನ ಬಂದದ್ದು ಜೇನಲ್ಲ. ಉಪ್ಪುಪ್ಪಾಗಿ, ಬೆಚ್ಚಗೆ, ಇನ್ನೂ ಒಣಗದ ಹೊಕ್ಕುಳಿನ ರುಚಿ. ಮೊಟ್ಟೆ ಇಡುವವಳಿಗೆ ಸಿಹಿಗಿಂತ ಅದೇ ಬೇಕು. ನಾನು ನುಂಗಿದೆ. ನನ್ನ ಮಕ್ಕಳು ಗಾಯದ ಬಟ್ಟೆಯ ಬಕೆಟ್ಟಿನಿಂದ ನೇರವಾಗಿ ಆ ಕೂಸಿನ ಮೇಲೆ ನಡೆದಿದ್ದರು. ಅವರಿಗೆ ಕಾಲು ತೊಳೆದು ಹೋಗಿ ಎಂದು ಹೇಳುವವರು ಯಾರು?

ಹೊಕ್ಕುಳಿಗೆ ನಂಜಾಗಿದೆ ಎಂದರು ಡಾಕ್ಟರು. ಮಗುವಿನ ಅಳು ದಿನದಿಂದ ದಿನಕ್ಕೆ ಸಣ್ಣದಾಯಿತು, ಆಮೇಲೆ ನಿಂತಿತು. ನಾನು ಆ ದಿನಗಳಲ್ಲಿ ಹಿಂದೆಂದೂ ಇಡದಷ್ಟು ಮೊಟ್ಟೆ ಇಟ್ಟಿದ್ದೆ.

ಮಗುವಿನ ಬಟ್ಟೆಗಳನ್ನೆಲ್ಲ ಚೀಲಕ್ಕೆ ತುಂಬಿದರು. ಜೇನಿನ ಜಾಡು ಹಿಡಿದು ನಾವು ಆಗಲೇ ಅದರೊಳಗಿದ್ದೆವು. ಹಾಗೆ ಲೀಲಕ್ಕನ ಫ್ಲ್ಯಾಟಿನ ಕಪಾಟಿಗೆ ಬಂದೆವು. ಅಲ್ಲಿ ನಮಗೆ ಯಾವ ಭಯವೂ ಇರಲಿಲ್ಲ, ಯಾಕೆಂದರೆ ಶ್ರೀಲತಾ ಆ ಬಟ್ಟೆ ಒಗೆಯಲು ಬಿಡುತ್ತಿರಲಿಲ್ಲ.

"ಒಗೆದಿಡುವ ಮಗಾ," ಎಂದು ಲೀಲಕ್ಕ ಎಷ್ಟು ಸಲ ಹೇಳಿದರೋ.

"ಅದರಲ್ಲಿ ಅವನ ವಾಸನೆ ಉಂಟು. ಮುಟ್ಬೇಡ."

ಮಧ್ಯಾಹ್ನ ಮಧ್ಯಾಹ್ನ ಅವಳು ಚೀಲ ಬಿಚ್ಚಿ ಮೇಲಿನ ಬಟ್ಟೆಗೆ ಮುಖ ಒತ್ತಿ, ಮತ್ತೆ ಕಟ್ಟಿಡುತ್ತಿದ್ದಳು. ತಳದ ಮಡಿಕೆಯಲ್ಲಿ ನಾವು ಬೆಳೆದೆವು. ನನಗೆ ವಯಸ್ಸಾಯಿತು, ಮೊಟ್ಟೆ ಕಡಿಮೆಯಾಯಿತು. ಗೂಡು ಕಿಕ್ಕಿರಿದಾಗ ಒಂದು ತಂಡ ಎಳೆಯ ರಾಣಿಯರನ್ನು ಕರೆದುಕೊಂಡು ವಯರಿನ ದಾರಿ ಹಿಡಿದು ಗೋಡೆಯಾಚೆ ಹೋಯಿತು. ನನ್ನನ್ನು ಯಾರೂ ಕರೆಯಲಿಲ್ಲ. ಹೊಟ್ಟೆ ಉರಿಯಿತು.

ಗೋಡೆಯಾಚೆ ಪಕ್ಕದ ಮನೆ. ಅಲ್ಲಿನ ಮಗಳು ಹೆತ್ತು ಇವತ್ತು ಆಸ್ಪತ್ರೆಯಿಂದ ಬಂದಿದ್ದಾಳೆ. ಮಗುವಿನ ಅಳು ಕೇಳಿ ಶ್ರೀಲತಾ ಚೀಲವನ್ನು ಎದೆಗೆ ಅವಚಿಕೊಂಡಳು, ಬಟ್ಟೆಗಳನ್ನೆಲ್ಲ ಮಡಿಲಿಗೆ ಸುರಿದುಕೊಂಡಳು. ಆಗ ನಾವು ಅವಳ ಕಣ್ಣಿಗೆ ಬಿದ್ದೆವು. ನಮ್ಮ ನಡುವೆ ಕಂದು ಬಣ್ಣಕ್ಕೆ ತಿರುಗಿದ ಆ ಕಲೆಯೂ ಕಂಡಿತು. ಅವಳು ಅದನ್ನು ಮೂಸಿದಳು.

"ಅಮ್ಮ, ಇದು ಜೇನಾ?"

"ಒಂದೇ ಬೊಟ್ಟು, ಮಗಾ," ಎಂದರು ಲೀಲಕ್ಕ.

ಬೈಗುಳ ಬರಲಿಲ್ಲ. ಶ್ರೀಲತಾ ಅಷ್ಟೂ ಬಟ್ಟೆಯನ್ನು ಪ್ಲಾಸ್ಟಿಕ್ ಟಬ್ಬಿಗೆ ಹಾಕಿದಳು, ಅವನ ವಾಸನೆಯಿದ್ದ ಮೇಲಿನ ಬಟ್ಟೆಯನ್ನೂ ಸೇರಿಸಿ. ದೊಡ್ಡ ಪಾತ್ರೆಯಲ್ಲಿ ನೀರು ತುಂಬಿ ಗ್ಯಾಸಿನ ಮೇಲೆ ಇಟ್ಟಳು.

"ನೀನು ಪಕ್ಕದ ಮನೆಗೆ ಹೋಗು. ಜೇನು ಮುಟ್ಟಿಸ್ಬೇಡಿ ಅಂತ ಹೇಳು. ಯಾಕೆ ಅಂತಲೂ ಹೇಳು. ನೀನೇ ಹೇಳ್ಬೇಕು."

ನಾನು ಟಬ್ಬಿನಲ್ಲಿದ್ದೇನೆ. ಇದರ ನುಣುಪು ಗೋಡೆ ಹತ್ತಲು ನನ್ನ ಕಾಲಲ್ಲಿ ಬಲವಿಲ್ಲ, ಹೊತ್ತೊಯ್ಯುವವರು ಉಳಿದಿಲ್ಲ. ಹೆದರಿಕೆಯಾಗುತ್ತಿದೆ. ನನ್ನದೆಂದು ಹೇಳಿಕೊಳ್ಳುವುದೆಲ್ಲ ಗೋಡೆಯಾಚೆಗಿದೆ, ಹಸಿದಿದೆ. ಅಡುಗೆಮನೆಯಲ್ಲಿ ನೀರು ಕೊತಕೊತ ಎನ್ನುತ್ತಿದೆ. ಲೀಲಕ್ಕ ಹೊಸ್ತಿಲು ದಾಟದೆ ಇನ್ನೂ ಬಾಗಿಲ ಬಳಿಯೇ ನಿಂತಿದ್ದಾರೆ, ಉಂಗುರವನ್ನು ತಿರುಗಿಸುತ್ತ.

ಪಕ್ಕದ ಮನೆಯಲ್ಲಿ ಮಗು ಅಳು ನಿಲ್ಲಿಸಿತು. ಯಾರೋ ಅದರ ತುಟಿಗೆ ಏನನ್ನೋ ಮುಟ್ಟಿಸಿರಬೇಕು.