ವಿಲ್ಲುಮ್ ಮಾಮನ ಸಿಟ್ಟು

ಮಗಳಿಗೆ ಹೊಡೆಯಲು ಎಸ್ಕಿಲ್ ಕೈ ಎತ್ತಿದ್ದೇ ತಡ, ಪ್ರೇಕ್ಷಕರು ಗೊಳ್ಳೆಂದು ನಕ್ಕರು.

ಅಂಕ ಮುಗಿಸಿ ಒಳಗೆ ಬಂದವನಿಗೆ ಕೂರಲಾಗಲಿಲ್ಲ. ನೀರಿನ ಲೋಟ ಎತ್ತಿಕೊಂಡ, ಕುಡಿಯದೆ ಇಟ್ಟ, ಮತ್ತೆ ಎತ್ತಿಕೊಂಡ. ಓಡೆನ್ಸೆ ನಗರದಲ್ಲಿ ಈ ನಾಟಕ ಶುರುವಾದಾಗಿನಿಂದ ಇದೇ ಪಾಡು. ಒಂದು ಕಾಲಕ್ಕೆ ಅವನು ರಂಗದ ಮೇಲೆ ರಾಜರ, ಕೊಲೆಗಾರರ ಪಾತ್ರ ಮಾಡಿದವನು. ಅದು ಯಾರಿಗೂ ನೆನಪಿರಲಿಲ್ಲ. ಆಮೇಲೆ ವರ್ಷಗಟ್ಟಲೆ ಭಾನುವಾರದ ಸಂಜೆಗಳಲ್ಲಿ ಟೀವಿಯ ಧಾರಾವಾಹಿಯಲ್ಲಿ ಬೇಕರಿಯ ವಿಲ್ಲುಮ್ ಮಾಮನಾಗಿ, ಮೂಗಿಗೆ ಹಿಟ್ಟು ಮೆತ್ತಿಕೊಂಡು, ಇಡೀ ಡೆನ್ಮಾರ್ಕನ್ನು ನಗಿಸಿದ್ದ. ಧಾರಾವಾಹಿ ಮುಗಿದ ಮೇಲೆ, ಎಪ್ಪತ್ತರ ಹೊಸ್ತಿಲಲ್ಲಿ, ಹಟ ಹಿಡಿದು ಈ ಕ್ರೂರ ತಂದೆಯ ಪಾತ್ರ ಕೇಳಿ ಪಡೆದಿದ್ದ.

"ಬಿಡಿ ಎಸ್ಕಿಲ್," ಎಂದಳು ಮಗಳ ಪಾತ್ರದ ಸಿಸ್ಸೆ, ಜಡೆ ಸರಿಮಾಡಿಕೊಳ್ಳುತ್ತ. "ಜನಕ್ಕೆ ನಿಮ್ಮನ್ನ ಕಂಡ್ರೆ ಪ್ರೀತಿ. ಅದಕ್ಕೂ ಸಿಡಿಮಿಡಿ ಅಂದ್ರೆ ಹೇಗೆ?"

"ಪ್ರೀತಿನಾ? ನಿನ್ನ ಕತ್ತು ಹಿಸುಕಿದ್ರೂ ಚಪ್ಪಾಳೆ ತಟ್ತಾರೆ ಮಾರಾಯ್ತಿ! ಅವರಿಗೆ ನಾನು ಕಾಣಿಸ್ತಾನೇ ಇಲ್ಲ."

"ಹಾಗಾದ್ರೆ ಕಾಣಿಸ್ಕೊಳ್ಳಿ. ನಾನೇನು ಬೇಡ ಅಂದ್ನಾ?"

ಕೊನೆಯ ಅಂಕದಲ್ಲಿ ತಂದೆ ಮಗಳನ್ನು ಮನೆಯಿಂದ ಹೊರಹಾಕುತ್ತಾನೆ. ಎಸ್ಕಿಲ್ ಬಾಗಿಲತ್ತ ಬೆರಳು ತೋರಿಸಿದ. ಮುಂದಿನ ಸಾಲಿನ ಮುದುಕಿಯೊಬ್ಬಳು ಗಟ್ಟಿಯಾಗಿಯೇ ಕೂಗಿದಳು: "ಪಾಪ ಕಣೋ ವಿಲ್ಲುಮ್, ಒಂದು ಬನ್ನಾದ್ರೂ ಕೊಟ್ಟು ಕಳ್ಸೋ!"

ನಗು ಸೂರು ಮುಟ್ಟಿತು. ಅಭ್ಯಾಸಬಲದಿಂದ ಅವನ ಎಡಗಣ್ಣು ಅದುರಿತು. ಒಮ್ಮೆ ಕಣ್ಣು ಮಿಟುಕಿಸಿದರೆ ಸಾಕು, ಎಲ್ಲರೂ ಅವನವರೇ. ಅವನು ಮಿಟುಕಿಸಲಿಲ್ಲ. ಮುದುಕಿಯನ್ನೇ ನೋಡುತ್ತ ನಿಂತ. ನಗು ಅಲ್ಲಲ್ಲಿ ಕಡಿದುಹೋಯಿತು. ಯಾರೋ ಕೆಮ್ಮಿದರು. ಮುದುಕಿ ಕೈಚೀಲವನ್ನು ಎದೆಗೆ ಅವುಚಿಕೊಂಡಳು.

ಆಗ ಅವನು ಸಿಸ್ಸೆಯ ಕಡೆ ತಿರುಗಿ, ದಿನಾ ಅರಚುತ್ತಿದ್ದ ಮಾತನ್ನು ಪಿಸುದನಿಯಲ್ಲಿ ಆಡಿದ:

"ನಿಮ್ಮಮ್ಮ ಸತ್ತ ದಿನ ನೀನು ಬದುಕಿ ಉಳಿದೆಯಲ್ಲ, ಅದನ್ನ ನಾನು ಇವತ್ತಿಗೂ ಕ್ಷಮಿಸಿಲ್ಲ. ಹೋಗು."

ಸಿಸ್ಸೆಗೆ ತಾಲೀಮಿನಲ್ಲಿ ಎಂದೂ ಬರದ ಅಳು ಬಂತು. ಪರದೆ ಬಿದ್ದ ಮೇಲೆ ಚಪ್ಪಾಳೆ ತಡವಾಗಿ, ಹಿಂದಿನ ಸಾಲುಗಳಿಂದ ಹೊರಟಿತು.

"ಇವತ್ತು ನಂಗೇ ಭಯ ಆಯ್ತು," ಎಂದಳು ಅವಳು, ಕಣ್ಣೊರೆಸಿಕೊಂಡು.

"ನಿಜವಾಗ್ಲೂ? ನನ್ನಾಣೆ ಹೇಳು!" ಅವನ ಮುಖ ಅರಳಿತು. ಆದರೆ ಬಣ್ಣ ತೊಳೆದುಕೊಳ್ಳುವ ಹೊತ್ತಿಗೆ ಮತ್ತೆ ಕೂತಲ್ಲಿ ಕೂರಲಾಗಲಿಲ್ಲ. ದಿನಾ ಫೋಟೋಗೆಂದು ಮುತ್ತುತ್ತಿದ್ದವರು ಯಾರೂ ಇವತ್ತು ಹಿಂಬಾಗಿಲಲ್ಲಿ ಕಾದಿರಲಿಲ್ಲ.

ಸಂಜೆಯ ಬಸ್ಸಿನ ತುಂಬ ನಾಟಕ ನೋಡಿ ಬಂದವರು. ಅವನು ಹತ್ತುತ್ತಲೇ ಮಾತು ನಿಂತಿತು. ಆಗಷ್ಟೇ ಇಬ್ಬರು ಇಳಿದು ಖಾಲಿಯಾದ ಜೋಡಿ ಸೀಟಿನಲ್ಲಿ ಕೂತು, ಪಕ್ಕದಲ್ಲಿ ನಿಂತವನನ್ನು ನೋಡಿ ನಕ್ಕ. ಆತ ಕಿಟಕಿಯಾಚೆ ನೋಡಿದ. ಎಸ್ಕಿಲ್ ಕೋಟು ಎಳೆದುಕೊಂಡು ಒಂದಿಷ್ಟು ಒಳಗೆ ಸರಿದು ಜಾಗ ಮಾಡಿದ.

ಬಸ್ಸು ಕಾಲುವೆಯ ಬಳಿ ತಿರುವು ತೆಗೆದುಕೊಂಡಿತು. ನಿಂತವರು ಕಂಬಿಯನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡರು. ಅವನ ಪಕ್ಕದ ಸೀಟು ಖಾಲಿಯಾಗಿಯೇ ಇತ್ತು.